ಡ್ರಾಯರ್‌ನಲ್ಲಿದ್ದ ದುಡ್ಡು

ಇರಾನಿನ ನಿರ್ದೇಶಕ ಅಸ್ಗರ್ ಫರ್ಹಾದಿ ಅವರ ‘ಎ ಸೆಪರೇಷನ್’ (2011) ಸಿನಿಮಾವನ್ನು ಮೊದಲ ಸಲ ಸುಮ್ನೆ ನೋಡಿದ್ದೆ. ಎರಡನೇ ಸಲ ನೋಟ್‌ಬುಕ್ ಹಿಡಿದು ಕೂತೆ.

ಆಗ ನನ್ನ ಕಿರುಚಿತ್ರದ ಚಿತ್ರಕಥೆ ಕೆಟ್ಟು ಕೂತಿತ್ತು. ಅಣ್ಣ ತಮ್ಮಂದಿರ ಆಸ್ತಿ ಜಗಳ, ಅದರಲ್ಲಿ ಕಳುವಾಗುವ ಆಸ್ತಿ ಪತ್ರದ ಕಥೆ. ಓದಿದ ಗೆಳೆಯ, ‘ತಮ್ಮ ಬಾಗಿಲಿಗೆ ಬಂದಾಗಲೇ ಇವನೇ ಕಳ್ಳ ಅಂತ ಗೊತ್ತಾಗುತ್ತಲ್ಲೋ’ ಅಂದಿದ್ದ.

ಪ್ರತಿ ದೃಶ್ಯ ನಿಲ್ಲಿಸಿ ಮೂರು ಕಾಲಂ ತುಂಬಿಸಿದೆ: ಏನಾಯಿತು, ಪಾತ್ರಗಳಲ್ಲಿ ಯಾರಿಗೆ ಗೊತ್ತು, ನಮಗೆ ಗೊತ್ತಾ. ಆಗ ಸಿಕ್ಕಿದ್ದು ಡ್ರಾಯರ್ ದುಡ್ಡು. ಗಂಡನಿಂದ ಬೇರೆಯಾಗಲು ಹೊರಟ ಸಿಮಿನ್ ಮನೆ ಬಿಡುವ ದಿನ ಪಿಯಾನೋ ಸಾಗಿಸುವವರು ಜಾಸ್ತಿ ದುಡ್ಡು ಕೇಳುತ್ತಾರೆ. ಅವಳು ಡ್ರಾಯರ್‌ನಿಂದ ತೆಗೆದು ಕೊಡುತ್ತಾಳೆ. ಆಮೇಲೆ ಗಂಡ ನಾದೆರ್ ಅದೇ ದುಡ್ಡಿಗಾಗಿ ಕೆಲಸದ ರಜಿಯಾಳನ್ನು ಕಳ್ಳಿ ಅನ್ನುತ್ತಾನೆ, ಹೊರಗೆ ತಳ್ಳುತ್ತಾನೆ. ಕಣ್ಣಾರೆ ನೋಡಿದ ನಾನೂ ಮೊದಲ ಸಲ ಅವಳನ್ನೇ ಅನುಮಾನಿಸಿದ್ದೆ!

ಫರ್ಹಾದಿ ಹುಟ್ಟಿದ್ದು 1972ರಲ್ಲಿ, ಇಸ್ಫಹಾನ್ ಕಡೆ. ತೆಹರಾನ್‌ನಲ್ಲಿ ನಾಟಕ ಓದಿದರು. ರೇಡಿಯೋ ನಾಟಕ, ಟೀವಿ ಧಾರಾವಾಹಿ ಬರೆದರು. ಮೊದಲ ಸಿನಿಮಾ ಮಾಡಿದ್ದು 2003ರಲ್ಲಿ. ‘ಎ ಸೆಪರೇಷನ್’ಗೆ ಬರ್ಲಿನ್ ಚಿತ್ರೋತ್ಸವದ ಗೋಲ್ಡನ್ ಬೇರ್ ಪ್ರಶಸ್ತಿ ಬಂತು, 2012ರಲ್ಲಿ ಆಸ್ಕರ್ ಬಂತು. ‘ದಿ ಸೇಲ್ಸ್‌ಮನ್’ಗೆ 2017ರಲ್ಲಿ ಇನ್ನೊಂದು. ಆ ಸಲ ಇರಾನ್ ಸೇರಿ ಕೆಲವು ದೇಶದವರಿಗೆ ಅಮೆರಿಕ ಹೇರಿದ್ದ ಪ್ರವೇಶ ನಿಷೇಧವನ್ನು ವಿರೋಧಿಸಿ ಅವರು ಸಮಾರಂಭಕ್ಕೇ ಹೋಗಲಿಲ್ಲ. ನನಗೆ ಪ್ರಶಸ್ತಿಗಿಂತ ರೇಡಿಯೋ ವಿಷಯವೇ ಮುಖ್ಯ ಅನ್ನಿಸಿತು. ‘ಎ ಸೆಪರೇಷನ್’ನ ಮೊದಲ ದೃಶ್ಯದಲ್ಲಿ ಜಡ್ಜ್ ಮುಖವೇ ಕಾಣುವುದಿಲ್ಲ, ಬರೀ ದನಿ. ಗಂಡ ಹೆಂಡತಿ ನಮ್ಮ ಕಡೆ ತಿರುಗಿ ವಾದ ಮಾಡುತ್ತಾರೆ. ಕಿವಿಗೆ ಬರೆದು ಪಳಗಿದ ಕೈ ಅಲ್ವಾ?

ಸರಿ, ಮುಚ್ಚಿಡುವುದೇ ಗುಟ್ಟು ಅಂದುಕೊಂಡು ನಾನೂ ಮುಚ್ಚಿಡಲು ಹೊರಟೆ. ಪತ್ರ ಕಳುವಾಗುವ ದೃಶ್ಯವನ್ನೇ ಕಿತ್ತು ಹಾಕಿದೆ. ಗೆಳೆಯ ಓದಿ, ‘ಏನೂ ಅರ್ಥ ಆಗಲಿಲ್ಲ’ ಅಂದ. ಪೆಚ್ಚಾದೆ. ನೋಟ್‌ಬುಕ್ ತೆಗೆದು ನೋಡಿದರೆ ತಪ್ಪು ಅಲ್ಲೇ ಇತ್ತು. ಫರ್ಹಾದಿ ಆ ದುಡ್ಡನ್ನು ಮುಚ್ಚಿಟ್ಟೇ ಇಲ್ಲ. ನಮ್ಮ ಗಮನವೆಲ್ಲ ಮನೆ ಬಿಡುವವಳ ಮೇಲಿರುವಾಗ ರಾಜಾರೋಷವಾಗಿ ತೋರಿಸಿದ್ದಾರೆ.

ಈಗ ನನ್ನ ಮೊದಲ ದೃಶ್ಯದಲ್ಲಿ ಮನೆ ತುಂಬ ನೆಂಟರು. ಒಗ್ಗರಣೆ ಹೊತ್ತುತ್ತಿದೆ, ಯಾರೋ ಮಗುವನ್ನು ಗದರುತ್ತಿದ್ದಾರೆ. ಅಮ್ಮ ಪತ್ರವನ್ನು ಮಡಚಿ ಅಕ್ಕಿ ಡಬ್ಬಿಗೆ ತುರುಕುತ್ತಾಳೆ, ಮುಚ್ಚಳ ಹಾಕಿ ಸ್ಟೌ ಕಡೆ ಓಡುತ್ತಾಳೆ.