ಹಿಂದೆ ಮುಂದೆ ನೋಡಿ: ಮಿಡ್‌ಫೀಲ್ಡರ್ ಕೋಚ್ ಆದ ಕಥೆ

2024ರ ಬೇಸಿಗೆಯಲ್ಲಿ ಕೆನಡಾದ ನಮ್ಮ ಬ್ರಾಂಪ್ಟನ್ ಹುಡುಗಿಯರ ಹದಿಮೂರು ವರ್ಷದೊಳಗಿನ ಫುಟ್‌ಬಾಲ್ ತಂಡ ಲೀಗಿನಲ್ಲಿ ಎರಡನೇ ಸ್ಥಾನಕ್ಕೆ ಬಂತು. ಕಪ್ ಏನೂ ಗೆಲ್ಲಲಿಲ್ಲ. ಆದರೆ ಮೂರು ವರ್ಷ ಹಿಂದೆ ಇದೇ ಮಕ್ಕಳು ಒಂಬತ್ತು ಗೋಲು ಬಿಟ್ಟುಕೊಟ್ಟು ಬಂದು ಕಾರಿನಲ್ಲಿ ಕೂತು ಆರಾಮಾಗಿ ಚಿಪ್ಸ್ ತಿನ್ನುತ್ತಿದ್ದರು. ಆಗ ನನ್ನ ಬೆನ್ನ ಹಿಂದೆ ಆಡಿಕೊಂಡವರು ಕಡಿಮೆ ಜನವಲ್ಲ. ‘ಈ ಕೋಚ್‌ಗೆ ಬಾಯಿಯೇ ಇಲ್ಲ’ ಅನ್ನುವುದು ಮುಖ್ಯ ದೂರು. ಈಗ ಅವರಲ್ಲೇ ಇಬ್ಬರು ತಮ್ಮ ಚಿಕ್ಕ ಮಕ್ಕಳನ್ನು ನನ್ನ ತಂಡಕ್ಕೆ ಸೇರಿಸಿಕೊಳ್ಳಿ ಅಂತ ಫೋನ್ ಮಾಡುತ್ತಾರೆ. ಮಿಸಿಸಾಗಾ, ಮಿಲ್ಟನ್ ಕಡೆಯ ನಾಲ್ಕೈದು ಕನ್ನಡಿಗ ಕೋಚ್‌ಗಳೂ ಏನು ಮಾಡಿದಿರಿ ಅಂತ ಕೇಳಿದ್ದರಿಂದ ಬರೆಯುತ್ತಿದ್ದೇನೆ. ಕೋನ್ ಎಲ್ಲಿಡಬೇಕು, ರೊಂಡೊ (ಪಾಸ್ ಅಭ್ಯಾಸದ ಆಟ) ಅಂದರೇನು ಅಂತೆಲ್ಲ ಇಲ್ಲಿ ಸಿಗುವುದಿಲ್ಲ. ಅದು ನಿಮಗೆ ಗೊತ್ತಿರುವುದೇ.

ಮೊದಲು ನನ್ನ ಆಟದ ಬಗ್ಗೆ. ಬೆಂಗಳೂರಿನ ಆಸ್ಟಿನ್ ಟೌನ್ ಮೈದಾನದಲ್ಲಿ ಕಲಿತವನು, ಸಿ ಡಿವಿಜನ್‌ನಲ್ಲಿ ನಾಲ್ಕು ಸೀಸನ್ ಮಿಡ್‌ಫೀಲ್ಡ್ ಆಡಿದವನು. ಕಾಲು ಸಾಧಾರಣ, ಓಟ ಅದಕ್ಕಿಂತ ಸಾಧಾರಣ, ಬಾಯಿ ಮಾತ್ರ ಫಸ್ಟ್ ಕ್ಲಾಸ್. ತಮಿಳು, ಉರ್ದು, ಕನ್ನಡ ಮೂರರಲ್ಲೂ ಕೂಗಿ ಹತ್ತು ಜನರನ್ನು ಓಡಾಡಿಸುತ್ತಿದ್ದೆ. 2009ರಲ್ಲಿ ಕೆನಡಾಗೆ ಬಂದಮೇಲೆ ಫುಟ್‌ಬಾಲ್ ಹೋಗಿ ಸಾಕರ್ ಆಯಿತು, ಕೂಗುವ ಭಾಷೆ ಇಂಗ್ಲಿಷ್ ಆಯಿತು, ಕೂಗು ಮಾತ್ರ ಹಾಗೇ ಉಳಿಯಿತು. ಭಾನುವಾರದ ಗಂಡಸರ ಲೀಗಿನಲ್ಲಿ ಏಳು ವರ್ಷ ಎಂಟನೇ ನಂಬರ್, ಅಂದರೆ ನಡು ಮೈದಾನದಲ್ಲಿ ಆಡಿದೆ. 2016ರ ಫೆಬ್ರವರಿಯಲ್ಲಿ ಒಂದು ಡೋಮಿನ (ಗಾಳಿ ತುಂಬಿದ ಚಾವಣಿಯ ಒಳಾಂಗಣ ಮೈದಾನ) ಹಳೇ ಟರ್ಫ್ ಮೇಲೆ ತಿರುಗುವಾಗ ಶೂ ಅಲ್ಲೇ ಕಚ್ಚಿಕೊಂಡಿತು, ಮಂಡಿ ತಿರುಗಿತು. ಎಸಿಎಲ್, ಅಂದರೆ ಮಂಡಿಯೊಳಗಿನ ಅಸ್ಥಿರಜ್ಜು, ಹರಿದಿತ್ತು. ಸ್ಕ್ಯಾನ್‌ಗೆ ತಿಂಗಳುಗಟ್ಟಲೆ ಕಾದೆ, ಆಪರೇಷನ್‌ಗೆ ಇನ್ನಷ್ಟು ಕಾದೆ. ಫಿಸಿಯೋಗೆ ಆಫೀಸಿನ ಇನ್ಶೂರೆನ್ಸ್ ಮುಗಿದಮೇಲೆ ಕೈಯಿಂದ ಎರಡು ಸಾವಿರ ಡಾಲರಿನಷ್ಟು ಹೋಯಿತು. ಮತ್ತೆ ಆಡಲಿಲ್ಲ.

2017ರಲ್ಲಿ ಆರು ವರ್ಷದ ಮಗಳನ್ನು ಕ್ಲಬ್ಬಿನ ಒಳಗಿನ ಹೌಸ್ ಲೀಗಿಗೆ ಸೇರಿಸಲು ಹೋದೆ. ಕೋಚ್ ಇಲ್ಲ, ಯಾರಾದರೂ ಅಪ್ಪ ಅಮ್ಮ ಬರದಿದ್ದರೆ ತಂಡವೇ ಇಲ್ಲ ಅಂದರು. ಕುಂಟುತ್ತಾ ಹೋಗಿ ಕೋಚ್ ಆದೆ. ನನ್ನ ಮೊದಲ ತಪ್ಪೂ ಅಲ್ಲೇ ಶುರು: ಗೆರೆಯ ಹೊರಗೆ ನಿಂತು ನಾನೇ ಎಂಟನೇ ನಂಬರ್ ಆಡತೊಡಗಿದೆ. ‘ಎಡಕ್ಕೆ! ತಿರುಗು! ಹೊಡಿ!’ ಮಕ್ಕಳು ನಾನು ಒತ್ತಿದ ಬಟನ್ ಪ್ರಕಾರ ಓಡುತ್ತಿದ್ದರು. ನಾನು ನೀರು ಕುಡಿಯಲು ಬಾಟಲಿ ಎತ್ತಿದರೆ ಅವರೂ ನಿಲ್ಲುತ್ತಿದ್ದರು. ಎರಡು ವರ್ಷ ಗೆದ್ದೆವು. ನಾನು ದೊಡ್ಡ ಕೋಚ್ ಅಂದುಕೊಂಡೆ.

2019ರಲ್ಲಿ ಕೋಚ್‌ಗಳ ಸಿ ಲೈಸೆನ್ಸ್‌ಗೆ ಹೋದೆ. ಫೀಸು ಆರೇಳು ನೂರು ಡಾಲರ್ ಇದ್ದ ನೆನಪು. ಅದಕ್ಕೆ ಮೊದಲಿನ ಸಣ್ಣ ವರ್ಕ್‌ಶಾಪ್‌ಗಳು, ನೈತಿಕತೆಯ ಆನ್‌ಲೈನ್ ಪರೀಕ್ಷೆ, ತಲೆಪೆಟ್ಟಿನ ಕೋರ್ಸು, ತಲೆಪೆಟ್ಟಿನ ಬಗ್ಗೆ ಇರುವ ಒಂಟಾರಿಯೊದ ಕಾನೂನು ರೋವನ್ಸ್ ಲಾ ಪ್ರಕಾರ ಪ್ರತಿ ವರ್ಷದ ಸಹಿ, ಮಕ್ಕಳ ಜೊತೆ ಕೆಲಸ ಮಾಡುವವರ ಹಿನ್ನೆಲೆ ನೋಡುವ ಪೊಲೀಸರ ವಲ್ನರಬಲ್ ಸೆಕ್ಟರ್ ಚೆಕ್, ಇವೆಲ್ಲ ನಿಮಗೂ ಆಗಿರುತ್ತದೆ. ಮೌಲ್ಯಮಾಪಕರು ನಮ್ಮ ಪ್ರಾಕ್ಟೀಸಿಗೆ ಬಂದು ಮುಕ್ಕಾಲು ಗಂಟೆ ಸುಮ್ಮನೆ ನಿಂತು ನೋಡಿದರು. ಕೊನೆಗೆ ಒಂದೇ ಪ್ರಶ್ನೆ: ಮಕ್ಕಳು ಇವತ್ತು ತಾವಾಗಿ ಎಷ್ಟು ನಿರ್ಧಾರ ಮಾಡಿದರು? ನನ್ನ ಬಳಿ ಉತ್ತರ ಇರಲಿಲ್ಲ. ಪಾಸ್ ಆಗಲಿಲ್ಲ, ಇನ್ನೊಂದು ಸಲ ನೋಡೋಣ ಅಂದರು. ಮನೆಗೆ ಬಂದು ನಾಲ್ಕು ದಿನ ಅವರನ್ನು ಬೈದುಕೊಂಡೆ. ಐದನೇ ದಿನ ಮ್ಯಾಚಿನ ವಿಡಿಯೋ ಹಾಕಿ ನೋಡಿದೆ. ನನ್ನ ಧ್ವನಿ ಬಿಟ್ಟು ಬೇರೇನೂ ಕೇಳಿಸುತ್ತಿರಲಿಲ್ಲ.

ಒಳ್ಳೇ ಆಟಗಾರನೇ ಒಳ್ಳೇ ಕೋಚ್ ಅನ್ನುವ ಮಾತು ನಮ್ಮಲ್ಲಿ ಜಾಸ್ತಿ. ಕೆನಡಾದಲ್ಲೇ ಎರಡೂ ಥರದವರಿದ್ದಾರೆ. ಮಾರ್ಟಿನ್ ನ್ಯಾಷ್, ಬಾಸ್ಕೆಟ್‌ಬಾಲ್ ಆಡುತ್ತಿದ್ದ ಸ್ಟೀವ್ ನ್ಯಾಷ್ ಅವರ ತಮ್ಮ, 2000ದಲ್ಲಿ ಕೊಲಂಬಿಯಾವನ್ನು 2–0 ಸೋಲಿಸಿ ಗೋಲ್ಡ್ ಕಪ್ ಟೂರ್ನಿ ಗೆದ್ದ ಕೆನಡಾ ತಂಡದ ಮಿಡ್‌ಫೀಲ್ಡರ್. ಆಮೇಲೆ ಕ್ಯಾವಲ್ರಿ ಕ್ಲಬ್ಬಿನಲ್ಲಿ ಸಹಾಯಕ ಕೋಚ್, ಯಾರ್ಕ್ ಯುನೈಟೆಡ್ ಕ್ಲಬ್ಬಿನಲ್ಲಿ ಮುಖ್ಯ ಕೋಚ್ ಆಗಿದ್ದರು. ಜಾನ್ ಹರ್ಡ್‌ಮನ್ ವೃತ್ತಿಪರ ಆಟಗಾರರೇ ಅಲ್ಲ, ಆದರೂ 2022ರ ವಿಶ್ವಕಪ್‌ಗೆ ಗಂಡಸರ ತಂಡವನ್ನು ಕರೆದೊಯ್ದವರು ಅವರೇ. ನಾನು ಇಬ್ಬರ ಹತ್ತಿರಕ್ಕೂ ಬರುವವನಲ್ಲ. ಆದರೆ ಆಟಗಾರನಾಗಿ ನನಗೆ ಗೊತ್ತಿದ್ದ ಒಂದು ವಿಷಯವನ್ನು ಮಾತಿಲ್ಲದೆ ದಾಟಿಸಬೇಕು ಅನ್ನುವ ಹಟ ಹಿಡಿಯಿತು. ಅದೇನೆಂದರೆ ಚೆಂಡು ಕಾಲಿಗೆ ಬರುವ ಮೊದಲು ಹಿಂದೆ ಮುಂದೆ ನೋಡುವುದು. ಈಗ ಎಲ್ಲರೂ ಸ್ಕ್ಯಾನಿಂಗ್ ಅನ್ನುತ್ತಾರೆ. ಆಸ್ಟಿನ್ ಟೌನ್‌ನಲ್ಲಿ ನಮ್ಮ ಸೀನಿಯರ್ ಒಬ್ಬರು ‘ಕತ್ತಿಗೆ ಗ್ರೀಸ್ ಹಚ್ಕೊಳ್ಳೋ’ ಅನ್ನುತ್ತಿದ್ದರು.

2020 ಪೂರ್ತಿ ಹಾಳಾಯಿತು, ಅದನ್ನು ಬಿಡಿ. 2021ರಲ್ಲಿ ಮಗಳ ತಂಡ ಹತ್ತರೊಳಗಿನದು, ಏಳು ಜನರ ಆಟ. ಆ ಆಗಸ್ಟ್ 6ರ ಬೆಳಿಗ್ಗೆ ಎಂಟಕ್ಕೆ ಟೋಕಿಯೊ ಒಲಿಂಪಿಕ್ಸ್‌ನ ಹೆಂಗಸರ ಫುಟ್‌ಬಾಲ್ ಫೈನಲ್ ಇತ್ತು. ಏಳೆಂಟು ಹುಡುಗಿಯರು ನಮ್ಮ ಹಿತ್ತಲಿನಲ್ಲಿ ಟಿವಿ ಇಟ್ಟುಕೊಂಡು ನೋಡಿದರು. ಸ್ವೀಡನ್ ಮೇಲೆ ಕೆನಡಾದ ಸ್ಕೋರ್ ಸಮ ಮಾಡಿದ ಪೆನಾಲ್ಟಿ ಜೆಸ್ಸಿ ಫ್ಲೆಮಿಂಗ್ ಅವರದು, ನಮ್ಮಿಂದ ಎರಡು ಗಂಟೆ ದೂರದ ಒಂಟಾರಿಯೊದ ಲಂಡನ್ ಹುಡುಗಿ. ಮಕ್ಕಳಿಗೆ ಪೆನಾಲ್ಟಿ ಇಷ್ಟವಾಯಿತು. ನಾನು ವಿಡಿಯೋ ಹಿಂದಕ್ಕೆ ಹಾಕಿ, ಪೆನಾಲ್ಟಿ ಬಿಡಿ, ಚೆಂಡು ಇಲ್ಲದಾಗ ಇವಳ ಕತ್ತು ನೋಡಿ ಅಂದೆ. ಯಾರೂ ನೋಡಲಿಲ್ಲ, ಇಡ್ಲಿ ಬಂದಿತ್ತು.

ಮೊದಲ ವಿಧಾನ: ಚೆಂಡು ತೆಗೆದುಕೊಳ್ಳುವ ಹುಡುಗಿಯ ಹಿಂದೆ ನಾನು ಬಣ್ಣದ ಪಿನ್ನಿ (ಜೆರ್ಸಿ ಮೇಲೆ ಹಾಕುವ ತೋಳಿಲ್ಲದ ಬನಿಯನ್) ಎತ್ತಿ ಹಿಡಿಯುವುದು, ಅವಳು ತಿರುಗಿ ನೋಡಿ ಬಣ್ಣ ಹೇಳಿ ಆಮೇಲೆ ಚೆಂಡು ಮುಟ್ಟುವುದು. ಎಲ್ಲ ಕೋಚ್‌ಗಳೂ ಮಾಡುವುದೇ. ಮೂರು ವಾರದಲ್ಲಿ ಎಲ್ಲರೂ ಬಣ್ಣ ಸರಿಯಾಗಿ ಹೇಳತೊಡಗಿದರು. ಮ್ಯಾಚಿನಲ್ಲಿ ನೋಡಿದರೆ ಕೋಲೆ ಬಸವನ ಹಾಗೆ ತಲೆ ಆಡಿಸುತ್ತಿದ್ದಾರೆ, ಆದರೆ ಕಣ್ಣಿಗೆ ಏನೂ ಬೀಳುತ್ತಿಲ್ಲ. ತಿರುಗಿ ನೋಡುತ್ತಾಳೆ, ಎದುರಾಳಿ ಇದ್ದ ಕಡೆಗೇ ಹೋಗುತ್ತಾಳೆ. ಎತ್ತಿದ ಬೆರಳು ಎಷ್ಟು ಅಂತ ಹೇಳಿಸಿದೆ, ಅದೂ ಅಷ್ಟೇ. ಒಂದು ಕಣ್ಣಿಗೆ ಪಟ್ಟಿ ಕಟ್ಟಿ ಆಡಿಸಿದೆ, ಅರ್ಧ ಗಂಟೆಯಲ್ಲಿ ಇಬ್ಬರು ಡಿಕ್ಕಿ ಹೊಡೆದುಕೊಂಡರು. ಒಬ್ಬಳ ಜಮೈಕನ್ ಅಜ್ಜ ಬಂದು, ನಾಳೆ ಎರಡೂ ಕಣ್ಣಿಗೆ ಕಟ್ಟುತ್ತೀರಾ ಅಂತ ಕೇಳಿದರು. ಅದು ಅಲ್ಲಿಗೇ ನಿಂತಿತು.

ದಾರಿ ತೋರಿಸಿದ್ದು ನನ್ನ ಹೆಂಡತಿ, ಅದೂ ಸೋಮಾರಿತನದಿಂದ. ಮಕ್ಕಳ ಜೊತೆ ಒಬ್ಬರೇ ದೊಡ್ಡವರು ಇರಬಾರದು ಅನ್ನುವ ರೂಲ್ ಆಫ್ ಟು ಇದೆಯಲ್ಲ, ಹುಡುಗಿಯರ ತಂಡ ಬೇರೆ, ಹಾಗಾಗಿ ಅವಳೂ ಪೊಲೀಸ್ ಚೆಕ್ ಮಾಡಿಸಿಕೊಂಡು ಸಹಾಯಕಿ ಆಗಿದ್ದಳು. ‘ರೀ, ಬೇರೆಯವರ ಮಕ್ಕಳಿಗೆ ಇಷ್ಟು ಸುರಿಯೋ ಬದಲು ಹಿಮ ತೆಗೆಯೋ ಒಂದು ಸ್ನೋ ಬ್ಲೋವರ್ ತಗೊಳ್ರೀ’ ಅಂತ ವಾರಕ್ಕೊಮ್ಮೆ ಹೇಳುತ್ತಲೇ ಬರುತ್ತಿದ್ದಳು. ಒಂದು ಸಂಜೆ ಪಿನ್ನಿ ಹಿಡಿದು ಕೈ ನೋವು ಅಂತ ಹಿಂದಿದ್ದ ಎರಡು ಸಣ್ಣ ಗೋಲುಗಳಲ್ಲಿ ಒಂದರ ಮುಂದೆ ಮಡಚುವ ಕುರ್ಚಿ ಹಾಕಿಕೊಂಡು ಕೂತು ತಂಗಿಗೆ ಫೋನ್ ಹಚ್ಚಿದಳು. ಆ ಗೋಲು ಮುಚ್ಚಿಹೋಯಿತು. ಸಿಗ್ನಲ್ ಸಿಗದೆ ಎದ್ದು ಇನ್ನೊಂದರ ಮುಂದೆ ಹೋದಳು, ಅದು ಮುಚ್ಚಿತು. ಹುಡುಗಿಯರು ಯಾರೂ ಹೇಳದೆಯೇ ಹಿಂದೆ ನೋಡತೊಡಗಿದರು. ಆಂಟಿ ಎಲ್ಲಿದ್ದಾರೆ ಅಂತ ಗೊತ್ತಿಲ್ಲದೆ ತಿರುಗಿದರೆ ಗೋಲು ಸಿಗುವುದಿಲ್ಲವಲ್ಲ! ಬಣ್ಣ ಹೇಳಿದರೆ ನನಗೆ ಖುಷಿ, ಅವರಿಗೇನು ಲಾಭ? ತೆರೆದ ಗೋಲು ಕಂಡರೆ ಅವರಿಗೆ ಲಾಭ.

ಅದನ್ನೇ ಹಿಡಿದುಕೊಂಡೆ. ಎರಡು ಗೋಲು ಹೋಗಿ ಮೂರಾಯಿತು. ಚೆಂಡು ಕೊಡುವವಳ ಕಾಲಿನಿಂದ ಹೊರಟಮೇಲೆ, ತೆಗೆದುಕೊಳ್ಳುವವಳಿಗೆ ತಲುಪುವ ಮೊದಲು ‘ಬಾಗಿಲು’, ಅಂದರೆ ತೆರೆದಿರುವ ಗೋಲು, ಬದಲಾಗಬೇಕು. ಮುಂಚೆಯೇ ಬದಲಾದರೆ ಒಂದು ಸಲ ನೋಡಿ ಸುಮ್ಮನಾಗುತ್ತಾರೆ, ತಡವಾದರೆ ಮೋಸ ಅಂತ ಜಗಳ. ಆ ಒಂದೂವರೆ ಸೆಕೆಂಡಿನ ಲೆಕ್ಕ ಹಿಡಿಯಲು ನಮ್ಮ ಮನೆಯವಳಿಗೆ ಎರಡು ತಿಂಗಳು ಬೇಕಾಯಿತು. ಈಗ ಅವಳಷ್ಟು ಚೆನ್ನಾಗಿ ಬಾಗಿಲು ಮುಚ್ಚುವವರು ಬ್ರಾಂಪ್ಟನ್ ಇರುವ ಪೀಲ್ ರೀಜನ್ನಿನಲ್ಲೇ ಇಲ್ಲ ಅನ್ನುವುದು ನನ್ನ ಅಭಿಪ್ರಾಯ. ನಾನು ಮಾತ್ರ ಬಾಯಿ ಬಿಡುವಂತಿಲ್ಲ. ಮೊದಲ ದಿನಗಳಲ್ಲಿ ಹಲ್ಲಿನ ನಡುವೆ ಸೀಟಿ ಕಚ್ಚಿಕೊಂಡು ನಿಲ್ಲುತ್ತಿದ್ದೆ, ಕೂಗು ಬಂದರೆ ಸೀಟಿ ಬೀಳಬೇಕು. ಬಿದ್ದ ಪ್ರತಿ ಸಲಕ್ಕೂ ಒಂದು ಡಾಲರ್ ಡಬ್ಬಿಗೆ. ಆ ಸೀಸನ್ ಡಬ್ಬಿಯ ದುಡ್ಡಿನಲ್ಲಿ ಇಡೀ ತಂಡಕ್ಕೆ ಎರಡು ಸಲ ಪಿಜ್ಜಾ ಆಯಿತು.

ದುಡ್ಡಿನ ವಿಷಯ. ಮೊದಲ ನಾಲ್ಕು ವರ್ಷ ಆದಾಯ ಸೊನ್ನೆ, ಆಮೇಲೆ ಸೀಸನ್ನಿಗೆ ಒಂದೂವರೆ ಸಾವಿರ ಡಾಲರ್ ಗೌರವಧನ. ಖರ್ಚು ಚಳಿಗಾಲದ್ದು. ಡೋಮಿನ ಮೈದಾನದ ಕಾಲು ಭಾಗಕ್ಕೆ ಗಂಟೆಗೆ ನೂರೈವತ್ತರ ಆಸುಪಾಸು, ಅದೂ ರಾತ್ರಿ ಒಂಬತ್ತೂವರೆಗೆ. ಒಂದು ವರ್ಷ ಒಂದು ಡೋಮಿಗೆ ಒಂಬೈನೂರು ಮುಂಗಡ ಕೊಟ್ಟಿದ್ದೆ. ಜನವರಿಯ ಹಿಮದ ಭಾರಕ್ಕೆ ಅದು ಕುಸಿದು ಮಲಗಿತು. ಪುಣ್ಯಕ್ಕೆ ಒಳಗೆ ಯಾರೂ ಇರಲಿಲ್ಲ, ನನ್ನ ಮುಂಗಡ ಮಾತ್ರ ಇತ್ತು. ಅದು ಇನ್ನೂ ಬಂದಿಲ್ಲ. ಆಮೇಲೆ ಶಾಲೆಯ ಜಿಮ್ ಪರ್ಮಿಟ್ ತಗೊಂಡೆ, ಗಂಟೆಗೆ ಮೂವತ್ತೈದು ನಲವತ್ತು. ಹುಲ್ಲಿಲ್ಲ, ಟರ್ಫಿಲ್ಲ, ಮರದ ನೆಲ. ಪೋಷಕರು ಮುಖ ಸಿಂಡರಿಸಿದರು. ನಾನು ಫುಟ್ಸಾಲ್ ಅನ್ನುವ ಒಳಾಂಗಣ ಫುಟ್‌ಬಾಲ್ ಆಟದ ಚೆಂಡು ತಂದೆ. ಎರಡು ಮೀಟರ್ ಮೇಲಿಂದ ಬಿಟ್ಟರೂ 65 ಸೆಂಟಿಮೀಟರ್‌ಗಿಂತ ಮೇಲೆ ಪುಟಿಯಬಾರದು ಅನ್ನುವ ಚೆಂಡು ಅದು. ಕಾಲಿಗೆ ಬಂದರೆ ನಿಲ್ಲುತ್ತದೆ, ಹಾಗಾಗಿ ಕಣ್ಣಿಗೆ ಬಿಡುವು ಸಿಗುತ್ತದೆ. ಸೈಡ್‌ಲೈನ್‌ನಿಂದ ಒದೆಯಲು ನಾಲ್ಕೇ ಸೆಕೆಂಡ್, ಜಾಗ ಇಕ್ಕಟ್ಟು, ಹಿಂದೆ ನೋಡದವಳಿಗೆ ಗತಿಯಿಲ್ಲ. ಡೋಮ್ ಕುಸಿದದ್ದೇ ಒಳ್ಳೇದಾಯಿತು ಅಂತ ಮನೆಯಲ್ಲಿ ಹೇಳಿ ನೋಡಿದೆ, ಒಂಬೈನೂರು ಡಾಲರ್ ಅಂತ ಉತ್ತರ ಬಂತು.

ಅದೇ ಜಿಮ್ಮಿನಲ್ಲಿ ಲಗೋರಿಯನ್ನೂ ಆಡಿಸಿದೆ. ಕಲ್ಲಿನ ಬದಲು ಏಳು ಚಪ್ಪಟೆ ಕೋನ್, ರಬ್ಬರ್ ಚೆಂಡಿನ ಬದಲು ಸ್ಪಂಜಿನದು. ಕೋನ್ ಜೋಡಿಸಲು ಬಗ್ಗಿದವಳು ಬೆನ್ನಿಗೆ ಏಟು ಬೀಳದಿರಲು ಎಷ್ಟು ಸಲ ತಿರುಗಿ ನೋಡುತ್ತಾಳೆ ಅಂತ ನೀವೇ ಎಣಿಸಿ ನೋಡಿ. ಪಂಜಾಬಿ, ಪೋಲಿಷ್, ಘಾನಾ ಮೂಲದ ಮಕ್ಕಳೆಲ್ಲ ‘ಲಗೋರಿ!’ ಅಂತ ಕಿರುಚುವುದನ್ನು ಕೇಳಿ ದಾವಣಗೆರೆ ಮೂಲದ ಒಬ್ಬ ಅಪ್ಪ ಗೇಟಿನಲ್ಲೇ ನಿಂತುಬಿಟ್ಟರು. ಇದರಿಂದ ಸ್ಕ್ಯಾನಿಂಗ್ ಹೆಚ್ಚಿತೋ ಇಲ್ಲವೋ ಖಚಿತವಾಗಿ ಹೇಳಲಾರೆ. ಪ್ರಾಕ್ಟೀಸಿಗೆ ತಪ್ಪಿಸಿಕೊಳ್ಳುವವರು ಕಡಿಮೆಯಾದದ್ದು ನಿಜ. ಖೋ ಖೋ ಕೂಡ ಮಾಡಿದೆ, ಮಂಡಿಯೂರಿ ಕೂರಲು ಯಾರಿಗೂ ಬರಲಿಲ್ಲ, ಕೈಬಿಟ್ಟೆ.

ಲೆಕ್ಕ ಇಡುತ್ತಿದ್ದೆ. ಬೇಲಿಗೆ ಫೋನ್ ಕಟ್ಟಿ, ಚೆಂಡು ಬರುವ ಮೊದಲಿನ ಹತ್ತು ಸೆಕೆಂಡಿನಲ್ಲಿ ಎಷ್ಟು ಸಲ ಕತ್ತು ತಿರುಗಿತು ಅಂತ ಎಣಿಕೆ. 2021ರ ಕೊನೆಗೆ ಒಂದು, ಕೆಲವರದು ಸೊನ್ನೆ. 2023ರ ಕೊನೆಗೆ ಮೂರು ನಾಲ್ಕು. ಇಂಗ್ಲೆಂಡಿನ ಮಿಡ್‌ಫೀಲ್ಡರ್ ಆಗಿದ್ದ ಫ್ರಾಂಕ್ ಲ್ಯಾಂಪಾರ್ಡ್ ಆರು ಸಲದ ಹತ್ತಿರ ನೋಡುತ್ತಿದ್ದರು ಅಂತ ನಾರ್ವೆಯ ಪ್ರೊಫೆಸರ್ ಗೈರ್ ಯೋರ್ಡೆಟ್ ಅಳೆದಿದ್ದಾರೆ. ನಮ್ಮವಳೊಬ್ಬಳು ಒಂದು ಮ್ಯಾಚಿನಲ್ಲಿ ಐದಕ್ಕೆ ಹೋಗಿದ್ದಳು, ಅವಳಿಗೆ ಆಗ ಹನ್ನೆರಡು.

ಈ ಮಧ್ಯದ ವರ್ಷಗಳಲ್ಲಿ ಸೋತದ್ದು ಹೇಳಬೇಕಲ್ಲ. ಹನ್ನೆರಡು ವರ್ಷದವರೆಗೆ ಒಂಟಾರಿಯೊದಲ್ಲಿ ಅಧಿಕೃತವಾಗಿ ಸ್ಕೋರೂ ಇಲ್ಲ, ಅಂಕಪಟ್ಟಿಯೂ ಇಲ್ಲ. ಆದರೆ ಅಪ್ಪಂದಿರ ಬೆರಳುಗಳಲ್ಲಿ ಎಲ್ಲ ಇರುತ್ತದೆ. ‘ಸರ್, ಏಳು ಗೋಲ್ ಆಯ್ತು, ನೀವು ಏನೂ ಹೇಳ್ತಾನೇ ಇಲ್ವಲ್ಲ?’ ಅಂತ ಆ ದಾವಣಗೆರೆಯವರೇ ಕೇಳಿದರು. ಸಭೆ ಕರೆದರು. ಬೇರೆ ಕೋಚ್ ಬೇಕು ಅಂತ ಐದು ಮನೆಯವರು ಬರೆದುಕೊಟ್ಟರು, ನಾಲ್ವರು ಮಕ್ಕಳು ಬಿಟ್ಟುಹೋದರು. ಅವತ್ತು ರಾತ್ರಿ ನಾನೂ ಬಿಡುವವನಿದ್ದೆ. ಮಗಳು ‘ಅಪ್ಪಾ, ನೀನು ಕೂಗದೇ ಇದ್ರೆ ನಂಗೆ ಆಟ ಕಾಣ್ಸುತ್ತೆ’ ಅಂದಳು. ಇನ್ನೊಂದು ಸೀಸನ್ ನೋಡೋಣ ಅಂದುಕೊಂಡೆ. ಮರು ಮೌಲ್ಯಮಾಪನದಲ್ಲಿ ಸಿ ಲೈಸೆನ್ಸ್ ಸಿಕ್ಕಿತ್ತು ಅನ್ನುವುದೊಂದೇ ಕೈಯಲ್ಲಿದ್ದ ಕಾಗದ.

ತಿರುವು ಬಂದದ್ದು ಹನ್ನೊಂದು ಜನರ ಆಟದಲ್ಲಿ. ಚಿಕ್ಕ ಮಕ್ಕಳ ಆಟದಲ್ಲಿ ಗೋಲ್ ಕಿಕ್ ಆದಾಗ ಎದುರಾಳಿಗಳು ಹಿಂದೆ ಸರಿದು ನಿಲ್ಲುವ ಗೆರೆ ಇರುತ್ತದೆ. ಹದಿಮೂರಕ್ಕೆ ಆ ಗೆರೆ ಮಾಯ. ಮೈದಾನ ದೊಡ್ಡದು, ಎದುರಾಳಿ ಮೈಮೇಲೆ. ಅಲ್ಲಿಯವರೆಗೆ ನಮ್ಮನ್ನು ಚಚ್ಚಿದ ತಂಡಗಳ ಹುಡುಗಿಯರು ಚೆಂಡು ಹಿಡಿದ ಕೂಡಲೇ ಕೋಚ್ ಮುಖ ನೋಡುತ್ತಿದ್ದರು, ಅಷ್ಟು ದೂರಕ್ಕೆ ಕೋಚ್ ಧ್ವನಿ ತಲುಪುತ್ತಿರಲಿಲ್ಲ. ನಮ್ಮವರು ತಿರುಗಿ ಹೊರಟುಹೋಗುತ್ತಿದ್ದರು. ಮೊದಲ ಆರು ಮ್ಯಾಚಿನಲ್ಲಿ ಐದು ಗೆದ್ದೆವು. ವರ್ಷದ ಕೊನೆಗೆ ಇಬ್ಬರು ಒಪಿಡಿಎಲ್ (ಒಂಟಾರಿಯೊದ ಮೇಲ್ಮಟ್ಟದ ಯುವ ಲೀಗ್) ತಂಡಗಳಿಗೆ ಆಯ್ಕೆಯಾದರು. ನನ್ನ ಮಗಳಲ್ಲ, ಅವಳು ಈಗ ವಾಲಿಬಾಲ್ ಅನ್ನುತ್ತಾಳೆ.

2025ರಲ್ಲಿ ಕೆನಡಾದ ಹೆಂಗಸರ ವೃತ್ತಿಪರ ನಾರ್ದರ್ನ್ ಸೂಪರ್ ಲೀಗ್ ಶುರುವಾದಾಗ ಇಡೀ ತಂಡವನ್ನು ಎಎಫ್‌ಸಿ ಟೊರೊಂಟೊ ಮ್ಯಾಚಿಗೆ ಕರೆದುಕೊಂಡು ಹೋದೆ. ಆ ಲೀಗ್ ಕಟ್ಟಿದ ಡಯಾನಾ ಮ್ಯಾಥೆಸನ್ ನಮ್ಮ ಪಕ್ಕದ ಓಕ್‌ವಿಲ್‌ನಲ್ಲಿ ಬೆಳೆದವರು, ಐದಡಿ ಎತ್ತರದ ಮಿಡ್‌ಫೀಲ್ಡರ್, 2012ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ಮೇಲೆ ಕೊನೇ ಗಳಿಗೆಯಲ್ಲಿ ಗೋಲು ಹೊಡೆದು ಕಂಚು ತಂದವರು. ಈ ಸಲ ಹುಡುಗಿಯರು ಚೆಂಡು ಬಿಟ್ಟು ಕತ್ತು ಎಣಿಸುತ್ತಿದ್ದರು. ಪಾಪ್‌ಕಾರ್ನ್ ಬಂದರೂ ಎಣಿಸಿದರು.

ಮೂರನೇ ಬಾಗಿಲನ್ನು ಯಾವಾಗ ಸುಳ್ಳು ಸುಳ್ಳೇ ತೆರೆಯಬೇಕು, ಮ್ಯಾಚಿಗೆ ಮೊದಲು ಪಾರ್ಕಿಂಗ್ ಲಾಟಿನಲ್ಲಿ ನಾನು ಮಕ್ಕಳಿಗೆ ಏನು ಕೇಳುತ್ತೇನೆ, ಈ ಎರಡನ್ನು ಮಾತ್ರ ಇಲ್ಲಿ ಬರೆಯುವುದಿಲ್ಲ. ಪಕ್ಕದ ಕ್ಲಬ್ಬಿನ ಕೋಚ್‌ಗೂ ಕನ್ನಡ ಓದಲು ಬರುತ್ತದೆ.

ಅಕ್ಟೋಬರಿನಿಂದ ಹೊಸ ಒಂಬತ್ತರೊಳಗಿನ ತಂಡ. ಜಿಮ್ ಪರ್ಮಿಟ್ ಮಂಗಳವಾರಕ್ಕೆ ಸಿಕ್ಕಿದೆ. ಬಿ ಲೈಸೆನ್ಸ್‌ಗೆ ಅಂತ ಎತ್ತಿಟ್ಟಿದ್ದ ದುಡ್ಡಿನಲ್ಲಿ ಸ್ನೋ ಬ್ಲೋವರ್ ಬಂದಿದೆ. ಬಾಗಿಲು ಮುಚ್ಚುವವರು ಬರುತ್ತೇನೆ ಅಂದಿದ್ದಾರೆ.