ಟೈಂಟೇಬಲ್, ಮಾರ್ಟಿನ್ ಡೇವಿಸ್ ಮತ್ತು 12ನೇ ಪಿಟಿ ಪೀರಿಯಡ್

ಮೂಡಿಗೆರೆ ಕಡೆಯ ಒಂದು ಹೈಸ್ಕೂಲಿನಲ್ಲಿ ನಾನು ಗಣಿತದ ಮೇಷ್ಟ್ರು. ಜೂನ್ ಬಂತೆಂದರೆ ಟೈಂಟೇಬಲ್ ಹಾಕುವ ಕೆಲಸ ನನ್ನ ತಲೆಗೇ ಬರುತ್ತದೆ. 6 ವಿಭಾಗ, 7 ವಿಷಯ, ವಾರಕ್ಕೆ 40 ಪೀರಿಯಡ್. ಪೆನ್ಸಿಲು, ರಬ್ಬರು ಹಿಡಿದು ಒದ್ದಾಡಿ ಸಾಕಾಗಿತ್ತು. ಈ ಸಲ ಕಂಪ್ಯೂಟರಿಗೇ ಹೊರಿಸೋಣ ಅನ್ನಿಸಿತು.

ಆರಿಸಿಕೊಂಡಿದ್ದು ಮಾರ್ಟಿನ್ ಡೇವಿಸ್ ಅವರ ದಾರಿ. ಈ ಅಮೆರಿಕದ ತರ್ಕಶಾಸ್ತ್ರಜ್ಞರು 1954ರಲ್ಲೇ ಪ್ರಿನ್ಸ್‌ಟನ್‌ನ ವಾಲ್ವ್ ಕಂಪ್ಯೂಟರಿಗೆ ಒಂದು ಪ್ರೋಗ್ರಾಂ ಬರೆದಿದ್ದರು. ಅದು ಸಾಧಿಸಿ ತೋರಿಸಿದ್ದೇನು ಗೊತ್ತಾ? ಎರಡು ಸಮಸಂಖ್ಯೆ ಕೂಡಿಸಿದರೆ ಸಮಸಂಖ್ಯೆಯೇ ಬರುತ್ತದೆ ಅಂತ! ನಗು ಬರುತ್ತೆ, ಅಲ್ವಾ? ಆದರೆ ಯಂತ್ರ ತಾನಾಗಿ ಗಣಿತ ಸಾಧಿಸಿದ ಮೊದಮೊದಲ ಸಂದರ್ಭಗಳಲ್ಲಿ ಅದೂ ಒಂದು.

ಹೌದು-ಇಲ್ಲ ಪ್ರಶ್ನೆಗಳಿಗೆ ಎಲ್ಲ ಷರತ್ತುಗಳಿಗೂ ಹೊಂದುವ ಉತ್ತರ ಇದೆಯೇ ಅಂತ ನೋಡಲು 1960ರಲ್ಲಿ ತತ್ವಜ್ಞಾನಿ ಹಿಲರಿ ಪಟ್ನಮ್ ಜೊತೆ ಸೇರಿ ಡೇವಿಸ್ ಕೊಟ್ಟ ವಿಧಾನವನ್ನೇ ನಾನು ಮೊದಲು ಪೈಥಾನ್ ಎಂಬ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೆದೆ. '8ಎ, ಸೋಮವಾರ, 3ನೇ ಪೀರಿಯಡ್, ಹಿಂದಿ' ಅನ್ನುವುದು ಒಂದು ಹೌದು-ಇಲ್ಲ ಪ್ರಶ್ನೆ. ಅಂಥವು ಒಟ್ಟು 1680. ಒಂದೊಂದೇ ಪ್ರಶ್ನೆ ಅಳಿಸುತ್ತಾ ಹೋದ ಹಾಗೆ ಉಳಿದ ಷರತ್ತುಗಳು ಹೆಚ್ಚುತ್ತಲೇ ಹೋದವು. ಲ್ಯಾಪ್‌ಟಾಪಿನ ಮೆಮೊರಿ ತುಂಬಿ ಎಲ್ಲ ನಿಂತುಬಿಟ್ಟಿತು. ಆ ಕಾಲದ ಐಬಿಎಂ 704 ಕಂಪ್ಯೂಟರಿನಲ್ಲಿ ಡೇವಿಸ್ ಅವರಿಗೂ ಇದೇ ಕಾಟ. ಅದಕ್ಕೇ ಡೇವಿಸ್, ಲೋಗ್‌ಮನ್, ಲವ್‌ಲ್ಯಾಂಡ್ ಮೂವರು ಸೇರಿ 1962ರಲ್ಲಿ ದಾರಿ ಬದಲಿಸಿದರು. ಒಂದನ್ನು 'ಹೌದು' ಅಂತ ಹಿಡಿದು ಮುಂದೆ ಹೋಗು. ಗೋಡೆಗೆ ಹಾಯ್ದರೆ ಹಿಂದೆ ಬಂದು 'ಇಲ್ಲ' ಅಂತ ಹಿಡಿ. ಯಾವುದಾದರೂ ಷರತ್ತಿನಲ್ಲಿ ಒಂದೇ ಆಯ್ಕೆ ಉಳಿದಿದ್ದರೆ ಯೋಚಿಸಬೇಡ, ಅದನ್ನೇ ಹಿಡಿ. ನಾವು ಪೆನ್ಸಿಲಿನಲ್ಲಿ ಮಾಡುವುದೂ ಇದನ್ನೇ ತಾನೆ?

ಹೊಸದಾಗಿ ಬರೆದೆ. ಉತ್ತರ ಬಂತು. ನೋಡಿದರೆ ಹಿಂದಿ ಟೀಚರ್ ಒಂದೇ ಪೀರಿಯಡ್‌ನಲ್ಲಿ 8ಎಯಲ್ಲೂ 10ಬಿಯಲ್ಲೂ ಇದ್ದಾರೆ. "ನಂಗೇನು ಎರಡು ಜೀವ ಇದ್ಯಾ ಸಾರ್?" ಅಂದರು. ಒಬ್ಬರು ಒಂದೇ ಕಡೆ ಇರಬೇಕು ಅನ್ನುವ ಷರತ್ತನ್ನು ಬರೆಯುವುದೇ ಮರೆತಿದ್ದೆ.

ಅದನ್ನು ಸೇರಿಸಿದೆ. ಜೊತೆಗೆ ಪಿಟಿ ಮೇಷ್ಟ್ರ ಬೇಡಿಕೆಯನ್ನೂ ಹಾಕಿದೆ: ಆಟ ದಿನದ ಕೊನೆಯ ಎರಡು ಪೀರಿಯಡ್‌ಗಳಲ್ಲೇ ಇರಬೇಕು, ಶನಿವಾರ ಮಾತ್ರ ಕೊನೆಯದೊಂದು. ರಾತ್ರಿ ಓಡಲು ಬಿಟ್ಟು ಮಲಗಿದೆ. ಹೊರಗೆ ಜಡಿಮಳೆ. ಬೆಳಿಗ್ಗೆ ಎದ್ದು ನೋಡಿದರೆ ಫ್ಯಾನ್ ಬುಸುಗುಟ್ಟುತ್ತಿದೆ, ಉತ್ತರ ಇಲ್ಲ.

ಕಾಫಿ ಹಿಡಿದು ಕೂತು ಸುಮ್ನೆ ಎಣಿಸಿದೆ. 6 ವಿಭಾಗಕ್ಕೆ ವಾರಕ್ಕೆ ಎರಡೆರಡು ಪಿಟಿ, ಅಂದರೆ 12. ಜಾಗ? ಐದು ದಿನಕ್ಕೆ 10, ಶನಿವಾರ 1. ಹನ್ನೊಂದೇ! ಇದನ್ನು ಹೇಳಲು 8ನೇ ಕ್ಲಾಸಿನ ಹುಡುಗರೇ ಸಾಕು. ನನ್ನ ಪ್ರೋಗ್ರಾಂ ಮಾತ್ರ ಯಾವ ಪಿಟಿ ಯಾವ ಜಾಗಕ್ಕೆ ಅಂತ ಕೋಟಿಗಟ್ಟಲೆ ಜೋಡಣೆಗಳಲ್ಲಿ ಹುಡುಕುತ್ತಾ ಕೂತಿತ್ತು. ಅದಕ್ಕೆ ಎಣಿಸಲು ಬರುವುದಿಲ್ಲ, ಒಂದೊಂದನ್ನೂ ಹಿಡಿದು ನೋಡಬೇಕು. ಗೂಡಿಗಿಂತ ಪಾರಿವಾಳ ಒಂದು ಜಾಸ್ತಿಯಾದಾಗ ಈ ಜಾತಿಯ ತರ್ಕ ಹೀಗೇ ಸಿಕ್ಕಿಹಾಕಿಕೊಳ್ಳುತ್ತದೆ ಎಂದು 1985ರಲ್ಲಿ ಗಣಿತಜ್ಞ ಆರ್ಮಿನ್ ಹ್ಯಾಕನ್ ಸಾಧಿಸಿ ತೋರಿಸಿದ್ದಾರೆ. ಓದಿದ್ದೆ. ರಾತ್ರಿಯಿಡೀ ಕರೆಂಟ್ ಸುಟ್ಟ ಮೇಲೆ ಅರ್ಥವಾಯಿತು.

ಶನಿವಾರದ ಮೊದಲ ಪೀರಿಯಡ್‌ ಅನ್ನೂ ಪಿಟಿಗೆ ಬಿಟ್ಟುಕೊಡಲು ಹೆಡ್‌ಮಾಸ್ಟರ್ ಒಪ್ಪಿದರು. ನಮ್ಮ ಕಡೆ ಜುಲೈ ಮಳೆಯಲ್ಲಿ ಯಾವ ಪೀರಿಯಡ್ ಆದರೂ ಆಟ ವರಾಂಡದಲ್ಲೇ ಬಿಡಿ. ಮತ್ತೆ ಓಡಿಸಿದೆ, ಟೀ ಬರುವಷ್ಟರಲ್ಲಿ ಉತ್ತರ ಬಂತು. ಪ್ರಿಂಟ್ ತೆಗೆದು ಸ್ಟಾಫ್‌ರೂಮಿನ ಗೋಡೆಗೆ ಅಂಟಿಸಿದೆ. ಹಿಂದಿ ಟೀಚರ್ ಕನ್ನಡಕ ಹಾಕಿಕೊಂಡು ತಮ್ಮ ಹೆಸರಿನ ಮೇಲೆ ಬೆರಳಿಟ್ಟು ಸೋಮವಾರದಿಂದ ಶನಿವಾರದವರೆಗೂ ಒಂದೊಂದೇ ಪರೀಕ್ಷಿಸಿದರು.