ಟಿಕೆಟ್ ಬಂತಾ? ದಂಡ ಕಟ್ಟುವ ಮೊದಲು ಇದನ್ನು ಓದಿ: ಹೊಸಬರಿಗೆ ಟ್ರಾಫಿಕ್ ಸ್ಕೂಲ್ ಮಾರ್ಗದರ್ಶಿ

ಬೇ ಏರಿಯಾಕ್ಕೆ ಹೊಸದಾಗಿ ಬಂದ ಕುಟುಂಬಗಳಿಗಾಗಿ ನಮ್ಮ ಕೂಟ ಸಿದ್ಧ ಮಾಡುತ್ತಿರುವ ಮಾರ್ಗದರ್ಶಿಯ ಒಂದು ಭಾಗ ಇದು. ಸೋನಾ ಮಸೂರಿ ಎಲ್ಲಿ ಸಿಗುತ್ತದೆ, ಮಕ್ಕಳ ಕನ್ನಡ ಕ್ಲಾಸ್ ಯಾವ ದಿನ, ಇದನ್ನೆಲ್ಲ ಬೇರೆಯವರು ಬರೆದಿದ್ದಾರೆ. ನನ್ನ ಪಾಲಿಗೆ ಬಂದದ್ದು ಟಿಕೆಟ್, ಅಂದರೆ ರಸ್ತೆ ನಿಯಮ ಮುರಿದಾಗ ಪೊಲೀಸರು ಕೊಡುವ ಚೀಟಿ; ಅದರ ಜೊತೆಗೆ ಟ್ರಾಫಿಕ್ ಸ್ಕೂಲ್, ಅಂದರೆ ಆ ನಿಯಮಗಳ ಪಾಠ ಓದಿ ಪರೀಕ್ಷೆ ಬರೆಯುವ ಕೋರ್ಸ್. ಯಾಕೆ ನನಗೇ ಕೊಟ್ಟರು ಅಂತ ಮುಂದೆ ಓದಿದರೆ ಗೊತ್ತಾಗುತ್ತದೆ.

ಇಲ್ಲಿರುವುದು ಕ್ಯಾಲಿಫೋರ್ನಿಯಾಕ್ಕೆ ಮಾತ್ರ. ಟೆಕ್ಸಾಸ್‌ನಲ್ಲಿರುವ ನಿಮ್ಮ ಭಾವ ಹೇಳಿದ್ದು ಅಲ್ಲಿಗೆ ಸರಿ ಇರಬಹುದು. ಇಲ್ಲಿ ಅದನ್ನು ನಂಬಿಕೊಂಡು ಕೂರಬೇಡಿ.

ಪೊಲೀಸ್ ನಿಲ್ಲಿಸಿದಾಗ

ಕಾರಿನಿಂದ ಇಳಿಯಬೇಡಿ. ಇದೊಂದನ್ನು ಮನೆಯವರಿಗೆಲ್ಲ ಹೇಳಿಡಿ.

ನಾನು ಇಳಿದೆ. ಶಿವಮೊಗ್ಗದಲ್ಲಿ ಸ್ಕೂಟರ್ ಓಡಿಸಿದ ಅಭ್ಯಾಸ. ಅಲ್ಲಿ ಪೊಲೀಸರು ಕೈ ತೋರಿಸಿದರೆ ಗಾಡಿ ಬದಿಗೆ ಹಾಕಿ, ಪೇಪರ್ ಹಿಡಿದುಕೊಂಡು ನಾವೇ ಅವರ ಹತ್ತಿರ ಹೋಗುತ್ತೇವೆ, ಅಲ್ವಾ? ಅದೇ ಮರ್ಯಾದೆ ಅಂತ ಬೆಳೆದವರು ನಾವು. ಇಲ್ಲಿ ನಾನು ಫೈಲ್ ಹಿಡಿದು ಇಳಿದು ನಾಲ್ಕು ಹೆಜ್ಜೆ ಇಟ್ಟೆ, ಅಷ್ಟೇ. ಸ್ಪೀಕರಿನಲ್ಲಿ ಕೂಗಿದ ಕೂಗಿಗೆ ಫೈಲ್ ಕೈಯಿಂದ ಬಿತ್ತು. ಹಿಂದಿನ ಸೀಟಿನಲ್ಲಿದ್ದ ನಮ್ಮತ್ತೆ ಗಾಜು ಇಳಿಸಿ, 'ಊರಿಗೆ ಹೊಸಬರು ಅಂತ ಹೇಳೇ, ಬಿಡ್ತಾರೆ' ಅಂತ ಬೇರೆ ಹೇಳಿಕೊಡುತ್ತಿದ್ದರು.

ಬಲಕ್ಕೆ ತೆಗೆದುಕೊಂಡು ನಿಲ್ಲಿಸಿ. ಗಾಜು ಇಳಿಸಿ. ಎರಡೂ ಕೈ ಸ್ಟೀರಿಂಗ್ ಮೇಲೆ ಇರಲಿ. ರಾತ್ರಿಯಾದರೆ ಒಳಗಿನ ದೀಪ ಹಾಕಿ. ಪೇಪರ್ ಗ್ಲೋವ್ ಬಾಕ್ಸಿನಲ್ಲಿದ್ದರೆ, 'ಅಲ್ಲಿದೆ, ತೆಗೆಯಲಾ?' ಅಂತ ಕೇಳಿ ಆಮೇಲೆ ಕೈ ಹಾಕಿ. 2024ರಿಂದ ಇಲ್ಲಿ ಒಂದು ಕಾನೂನಿದೆ. ಪೊಲೀಸರು ಪ್ರಶ್ನೆ ಶುರು ಮಾಡುವ ಮೊದಲು ಯಾಕೆ ನಿಲ್ಲಿಸಿದ್ದು ಅಂತ ಅವರೇ ಹೇಳಬೇಕು. ಹಾಗಾಗಿ ನೀವಾಗಿ ಕಥೆ ತೆಗೆಯುವುದು ಬೇಡ.

ಇನ್ನೊಂದು ಮಾತು. ಬರೆಯುವುದಕ್ಕೆ ಮುಜುಗರ, ಆದರೂ ಬರೆಯುತ್ತೇನೆ. ಪರ್ಸ್ ಮುಟ್ಟಬೇಡಿ. 'ಏನಾದ್ರೂ ಅಡ್ಜಸ್ಟ್' ಅನ್ನುವ ಧಾಟಿಯ ಮಾತು ನಗುವಿಗೂ ಬೇಡ. ಟಿಕೆಟ್ ಸಣ್ಣ ತಪ್ಪು, ಲಂಚ ಇಲ್ಲಿ ದೊಡ್ಡ ಅಪರಾಧ.

ಕೈಗೆ ಕೊಟ್ಟ ಚೀಟಿ

ಅದರ ತಲೆಯ ಮೇಲೆ 'ನೋಟಿಸ್ ಟು ಅಪಿಯರ್' ಅಂತ ಇರುತ್ತದೆ. ಸಹಿ ಹಾಕಿ ಅನ್ನುತ್ತಾರೆ. ಹಾಕಿ. ಸಹಿ ಹಾಕಿದರೆ ತಪ್ಪು ಒಪ್ಪಿಕೊಂಡ ಹಾಗಲ್ಲ, ಹೇಳಿದ ತಾರೀಖಿನ ಒಳಗೆ ಇದಕ್ಕೊಂದು ಗತಿ ಕಾಣಿಸುತ್ತೇನೆ ಅಂತ ಮಾತು ಕೊಟ್ಟ ಹಾಗೆ. ಹಾಕುವುದಿಲ್ಲ ಅಂತ ಹಟ ಮಾಡಿದರೆ ಕರೆದುಕೊಂಡೇ ಹೋಗಬಹುದು.

ಆ ಚೀಟಿಯಲ್ಲಿ ದಂಡ ಎಷ್ಟು ಅಂತ ಸಾಮಾನ್ಯವಾಗಿ ಇರುವುದಿಲ್ಲ. ಕೆಲವು ವಾರ ಬಿಟ್ಟು ಕೋರ್ಟಿನಿಂದ ಇನ್ನೊಂದು ಕಾಗದ ಬರುತ್ತದೆ. ಅದಕ್ಕೆ ಕರ್ಟಸಿ ನೋಟಿಸ್ ಅನ್ನುತ್ತಾರೆ. ಅದರಲ್ಲಿ 'ಬೇಲ್' ಅಂತ ಬರೆದು ಮೊತ್ತ ಹಾಕಿರುತ್ತಾರೆ. ಗಾಬರಿ ಬೇಡ, ಯಾರೂ ಯಾರನ್ನೂ ಜೈಲಿಗೆ ಹಾಕಿಲ್ಲ. ಇಲ್ಲಿ ಕಟ್ಟಬೇಕಾದ ದುಡ್ಡಿಗೇ ಬೇಲ್ ಅನ್ನುತ್ತಾರೆ. ಈ ಪದ ನೋಡಿ ನಮ್ಮ ಕೂಟದ ಒಬ್ಬರು ಊರಿನಲ್ಲಿರುವ ವಕೀಲ ಮಾವನಿಗೆ ಮಧ್ಯರಾತ್ರಿ ಫೋನ್ ಮಾಡಿದ್ದರು.

ನಿಮ್ಮನ್ನು ನಿಲ್ಲಿಸಿದ್ದು ಯಾವ ಕೌಂಟಿಯಲ್ಲೋ (ನಮ್ಮ ಜಿಲ್ಲೆ ಇದ್ದ ಹಾಗೆ) ಅದೇ ಕೌಂಟಿಯ ಸುಪೀರಿಯರ್ ಕೋರ್ಟ್ ನಿಮ್ಮದು. ಮನೆ ಫ್ರೀಮಾಂಟ್‌ನಲ್ಲಿದ್ದು, ಮಿಲ್ಪಿಟಾಸ್‌ನಲ್ಲಿ ಸಿಕ್ಕಿಬಿದ್ದರೆ ಸಾಂಟಾ ಕ್ಲಾರಾ ಕೌಂಟಿಗೆ ಹೋಗಬೇಕು, ಅಲಮೀಡಾಕ್ಕಲ್ಲ.

ದಂಡ ಕಟ್ಟುವ ಮೊದಲು

ಇದು ನನ್ನ ಹೊಟ್ಟೆಯುರಿಯ ಭಾಗ. ಸ್ವಲ್ಪ ಉದ್ದವಾಗುತ್ತದೆ.

ನನ್ನ ಮೊದಲ ಟಿಕೆಟ್ 35ರ ರಸ್ತೆಯಲ್ಲಿ 52 ಮೈಲಿ ವೇಗಕ್ಕೆ. ಕಾನೂನಿನಲ್ಲಿ ಮೂಲ ದಂಡ 70 ಡಾಲರ್ ಅಷ್ಟೇ. (15 ಮೈಲಿವರೆಗೆ ಮೀರಿದರೆ 35, 16ರಿಂದ 25ರವರೆಗೆ 70, ಅದರ ಮೇಲೆ 100.) ಅದರ ಮೇಲೆ ರಾಜ್ಯದ್ದು, ಕೌಂಟಿಯದ್ದು, ಕೋರ್ಟ್ ಕಟ್ಟಡದ್ದು ಅಂತ ಒಂದೊಂದೇ ಸೇರಿ ಒಟ್ಟು 360 ಡಾಲರ್ ದಾಟಿತ್ತು. ನಾನು ಏನು ಮಾಡಿದೆ? ಕಾಗದ ಬಂದ ಸಂಜೆಯೇ ಪೂರ್ತಿ ಕಟ್ಟಿದೆ. ಸಾಲ ಇಟ್ಟುಕೊಳ್ಳದ ಮನೆತನ ನಮ್ಮದು ಅನ್ನುವ ಹೆಮ್ಮೆ. ರಸೀದಿ ಪ್ರಿಂಟ್ ತೆಗೆದು ದೇವರ ಮನೆಯ ಡ್ರಾಯರಿನಲ್ಲಿಟ್ಟೆ.

ಸುಮ್ನೆ ದಂಡ ಕಟ್ಟಿದರೆ ತಪ್ಪು ಒಪ್ಪಿಕೊಂಡ ಹಾಗೆ. ಅದು ಡಿಎಂವಿಗೆ (ಲೈಸೆನ್ಸ್ ನೋಡಿಕೊಳ್ಳುವ ರಾಜ್ಯದ ಇಲಾಖೆ, ನಮ್ಮ ಆರ್‌ಟಿಓ ಇದ್ದ ಹಾಗೆ) ಹೋಗುತ್ತದೆ. ನಿಮ್ಮ ಲೈಸೆನ್ಸಿನ ದಾಖಲೆಯಲ್ಲಿ ಒಂದು ಪಾಯಿಂಟ್, ಅಂದರೆ ತಪ್ಪಿನ ಗುರುತು, ಕೂರುತ್ತದೆ, ಮೂರು ವರ್ಷ ಅಲ್ಲೇ ಇರುತ್ತದೆ. ಅದನ್ನು ಇನ್ಶೂರೆನ್ಸ್ ಕಂಪನಿ ನೋಡುತ್ತದೆ. ಅದೇ ಪುಟದಲ್ಲಿ ಕೆಳಗೆ 'ಟ್ರಾಫಿಕ್ ಸ್ಕೂಲ್ ಬೇಕು' ಅನ್ನುವ ಇನ್ನೊಂದು ಆಯ್ಕೆ ಇತ್ತು. ಶಾಲೆಗೆ ಹೋಗುವ ವಯಸ್ಸಾ ನನ್ನದು ಅಂತ ನಕ್ಕು ಬಿಟ್ಟುಬಿಟ್ಟೆ. ಮುಂದಿನ ನವೀಕರಣಕ್ಕೆ ನಮ್ಮ ಪ್ರೀಮಿಯಂ ತಿಂಗಳಿಗೆ 40 ಡಾಲರ್ ಜಾಸ್ತಿಯಾಯಿತು. ಮೂರು ವರ್ಷಕ್ಕೆ ಲೆಕ್ಕ ಹಾಕಿ, 1440. ದಂಡದ ನಾಲ್ಕು ಪಟ್ಟು. ಆಮೇಲೆ ಕೋರ್ಟಿಗೆ ಹೋಗಿ ಕೇಳಿದೆ. ಕೇಸು ಮುಗಿದಿದೆ ಅಂದರು. ಅವರ ತಪ್ಪೇನಿಲ್ಲ, ಕಾಗದದಲ್ಲಿ ಎಲ್ಲ ಬರೆದಿತ್ತು. ಓದದವಳು ನಾನು.

ಹಾಗಾದರೆ ಸರಿಯಾದ ದಾರಿ ಯಾವುದು? ಕೊಟ್ಟ ತಾರೀಖಿನ ಒಳಗೆ, ದುಡ್ಡು ಕಟ್ಟುವಾಗಲೇ, ಟ್ರಾಫಿಕ್ ಸ್ಕೂಲ್ ಬೇಕು ಅಂತ ಕೋರ್ಟಿಗೆ ಹೇಳಬೇಕು. ಆಗ ದಂಡ ಮಾಫಿ ಆಗುವುದಿಲ್ಲ, ಇದನ್ನು ಚೆನ್ನಾಗಿ ತಿಳಿದುಕೊಳ್ಳಿ. ಪೂರ್ತಿ ದಂಡ, ಅದರ ಮೇಲೆ ಕೋರ್ಟಿನ ಶುಲ್ಕ (50 ಡಾಲರಿನ ಆಸುಪಾಸು, ಕೌಂಟಿಯಿಂದ ಕೌಂಟಿಗೆ ಬೇರೆ), ಆಮೇಲೆ ಶಾಲೆಯ ಫೀಸು, ಮೂರೂ ಕಟ್ಟಬೇಕು. ನಮ್ಮವರು ಇಲ್ಲೇ ಲೆಕ್ಕಾಚಾರ ಶುರು ಮಾಡುತ್ತಾರೆ: 'ದಂಡ ಹೇಗೂ ಹೋಯ್ತು, ಅದರ ಮೇಲೆ ಇದ್ಯಾಕೆ?' ಇದ್ಯಾಕೆ ಅಂದರೆ, ಶಾಲೆ ಮುಗಿಸಿದರೆ ಆ ತಪ್ಪು ನಿಮ್ಮ ದಾಖಲೆಯಲ್ಲಿ ಗುಟ್ಟಾಗಿ ಉಳಿಯುತ್ತದೆ. ಇನ್ಶೂರೆನ್ಸ್‌ನವರಿಗೆ ಕಾಣುವುದಿಲ್ಲ. ಮೊದಲೆಲ್ಲ ಕೇಸೇ ವಜಾ ಆಗುತ್ತಿತ್ತಂತೆ. 2011ರ ಜುಲೈಯಿಂದ ವಜಾ ಇಲ್ಲ, ಮುಚ್ಚಿಡುವುದು ಮಾತ್ರ. ಹಳೆಯ ಕಾಲದ ಅಂಕಲ್‌ಗಳು 'ಟಿಕೆಟ್ಟೇ ಅಳಿಸಿಹೋಗುತ್ತೆ' ಅಂದರೆ ಅದು ಆಗಿನ ಮಾತು.

ಕ್ಯಾಲಿಫೋರ್ನಿಯಾದಲ್ಲಿ 1988ರಲ್ಲಿ ಜನ ಮತ ಹಾಕಿ ತಂದ ಕಾನೂನೊಂದಿದೆ. ಒಳ್ಳೆಯ ಚಾಲಕರಿಗೆ ಇನ್ಶೂರೆನ್ಸಿನಲ್ಲಿ ಶೇಕಡಾ 20ರಷ್ಟಾದರೂ ರಿಯಾಯಿತಿ ಕೊಡಬೇಕು. ಮೂರು ವರ್ಷದಲ್ಲಿ ಒಂದಕ್ಕಿಂತ ಹೆಚ್ಚು ಪಾಯಿಂಟ್ ಇದ್ದವರು ಆ ಲೆಕ್ಕಕ್ಕೆ ಬರುವುದಿಲ್ಲ. ಅಂದರೆ ಮೊದಲ ಪಾಯಿಂಟ್ ಕೂತರೆ ನೀವು ಅಂಚಿನಲ್ಲಿ ನಿಂತಿದ್ದೀರಿ. ಒಂದು ವರ್ಷದಲ್ಲಿ ನಾಲ್ಕು ಪಾಯಿಂಟ್ ಆದರೆ ಲೈಸೆನ್ಸಿಗೇ ಕುತ್ತು.

ದುಡ್ಡಿಗೆ ಕಷ್ಟ ಇದ್ದರೆ, ಲೇಆಫ್ ಆಗಿದ್ದರೆ, ನಾಚಿಕೆ ಬೇಡ. ಮೈಸೈಟೇಷನ್ಸ್ ಅಂತ ರಾಜ್ಯದ ಕೋರ್ಟುಗಳ ಆನ್‌ಲೈನ್ ವ್ಯವಸ್ಥೆ ಇದೆ. ದಂಡ ಕಡಿಮೆ ಮಾಡಿ, ಕಂತಿನಲ್ಲಿ ಕಟ್ಟಲು ಬಿಡಿ ಅಂತ ಅಲ್ಲಿ ಕೇಳಿಕೊಳ್ಳಬಹುದು.

ಟ್ರಾಫಿಕ್ ಸ್ಕೂಲ್ ಯಾರಿಗೆ ಸಿಗುತ್ತದೆ

- ಚಾಲ್ತಿಯಲ್ಲಿರುವ ಲೈಸೆನ್ಸ್ ಇರಬೇಕು. (ಇಲ್ಲಿ ನೆಲೆಸಿದ 10 ದಿನದೊಳಗೆ ಕ್ಯಾಲಿಫೋರ್ನಿಯಾ ಲೈಸೆನ್ಸಿಗೆ ಹೋಗಬೇಕು ಅನ್ನುವುದು ನಿಯಮ. 'ಇಂಟರ್‌ನ್ಯಾಷನಲ್ ಪರ್ಮಿಟ್ ವರ್ಷ ನಡೆಯುತ್ತೆ' ಅನ್ನಬೇಡಿ.)
- ಒಂದು ಪಾಯಿಂಟಿನ ಸಣ್ಣ ತಪ್ಪಾಗಿರಬೇಕು.
- ಹಿಂದಿನ ಸಲ ಶಾಲೆಗೆ ಹೋದ ತಪ್ಪಿಗೂ ಈ ತಪ್ಪಿಗೂ ನಡುವೆ 18 ತಿಂಗಳು ಕಳೆದಿರಬೇಕು. ಎಣಿಸುವುದು ತಪ್ಪು ಮಾಡಿದ ದಿನದಿಂದ, ಶಾಲೆ ಮುಗಿಸಿದ ದಿನದಿಂದ ಅಲ್ಲ.
- ಮಿತಿಗಿಂತ 25 ಮೈಲಿಗೂ ಜಾಸ್ತಿ ಓಡಿಸಿದ್ದರೆ ಕೌಂಟರಿನಲ್ಲಿ ಕೊಡುವುದಿಲ್ಲ, ಜಡ್ಜ್ ಹತ್ತಿರ ಕೇಳಬೇಕು.
- ಕುಡಿದು ಓಡಿಸಿದ್ದಕ್ಕೆ ಇಲ್ಲ. ಅದಕ್ಕೆ ಈ ಮಾರ್ಗದರ್ಶಿ ಅಲ್ಲ, ವಕೀಲರು ಬೇಕು.
- ಪಾರ್ಕಿಂಗ್ ಟಿಕೆಟಿಗೆ ಪಾಯಿಂಟೂ ಇಲ್ಲ, ಶಾಲೆಯೂ ಇಲ್ಲ.
- ಹೆಡ್‌ಲೈಟ್ ಹೋಗಿದೆ, ರಿಜಿಸ್ಟ್ರೇಷನ್ ಮುಗಿದಿದೆ ಅಂಥವು 'ಫಿಕ್ಸ್-ಇಟ್' ಟಿಕೆಟ್. ಸರಿಪಡಿಸಿ, ಸರಿಯಾಗಿದೆ ಅಂತ ಸಹಿ ಮಾಡಿಸಿ, ಕೋರ್ಟಿಗೆ ತೋರಿಸಿ 25 ಡಾಲರ್ ಕಟ್ಟಿದರೆ ಮುಗಿಯಿತು.

ವಿಳಾಸ, ತಾರೀಖು

ಹೊಸಬರು ವರ್ಷಕ್ಕೊಂದು ಅಪಾರ್ಟ್‌ಮೆಂಟ್ ಬದಲಿಸುತ್ತೀರಿ. ಕೋರ್ಟಿನ ಕಾಗದ ಟಿಕೆಟಿನಲ್ಲಿರುವ ವಿಳಾಸಕ್ಕೆ ಹೋಗುತ್ತದೆ, ಟಿಕೆಟಿನ ವಿಳಾಸ ಲೈಸೆನ್ಸಿನಿಂದ ಬರುತ್ತದೆ. ನಮ್ಮನೆಯವರ ಟಿಕೆಟಿನ ನೋಟಿಸ್ ನಾವು ಬಿಟ್ಟುಬಂದ ಮನೆಗೆ ಹೋಗಿ, ಅಲ್ಲಿ ಪಿಜ್ಜಾ ಕೂಪನ್ನುಗಳ ಜೊತೆ ಎರಡು ತಿಂಗಳು ಬಿದ್ದಿತ್ತು. 'ಕಾಗದ ಬರಲಿಲ್ಲ' ಅನ್ನುವುದು ಇಲ್ಲಿ ನೆಪವಾಗುವುದಿಲ್ಲ. ತಾರೀಖು ಚೀಟಿಯಲ್ಲೇ ಇದೆ. ಕಾಗದ ಬಾರದಿದ್ದರೆ ಕೋರ್ಟಿನ ವೆಬ್‌ಸೈಟಿನಲ್ಲಿ ಟಿಕೆಟ್ ನಂಬರ್ ಹಾಕಿ ನೀವೇ ಹುಡುಕಬೇಕು. ಮನೆ ಬದಲಿಸಿದ 10 ದಿನದೊಳಗೆ ಡಿಎಂವಿಗೆ ತಿಳಿಸಬೇಕು. ಟಿಕೆಟ್ ಬಾಕಿ ಇದ್ದರೆ ಕೋರ್ಟಿಗೂ ಬೇರೆಯಾಗಿ ತಿಳಿಸಿ.

2023ರಲ್ಲಿ, ಮತ್ತೆ 2025ರಲ್ಲಿ, ಕರ್ನಾಟಕ ಸರ್ಕಾರ ಬಾಕಿ ದಂಡಕ್ಕೆ ಅರ್ಧ ರಿಯಾಯಿತಿ ಕೊಟ್ಟಾಗ ಬೆಂಗಳೂರಿನ ನನ್ನ ತಮ್ಮ ಎಲ್ಲ ಒಟ್ಟಿಗೆ ಕಟ್ಟಿ, 'ಕಾದದ್ದಕ್ಕೆ ಲಾಭ ಆಯ್ತು ನೋಡು' ಅಂದಿದ್ದ. ಆ ಜಾಣತನವನ್ನು ವಿಮಾನದಲ್ಲೇ ಬಿಟ್ಟು ಇಳಿಯಿರಿ. ಇಲ್ಲಿ ತಾರೀಖು ದಾಟಿದರೆ ಕೋರ್ಟ್ 100 ಡಾಲರ್‌ವರೆಗೆ ಮೇಲೆ ಸೇರಿಸಬಹುದು. ಬೇಕಂತಲೇ ತಪ್ಪಿಸಿಕೊಂಡರೆ ಅದೇ ಬೇರೆ ಅಪರಾಧ, ಮೂಲ ಟಿಕೆಟಿಗಿಂತ ದೊಡ್ಡದು. ವೀಸಾ, ಗ್ರೀನ್ ಕಾರ್ಡ್ ಅಂತ ಕಾಯುತ್ತಿರುವವರಿಗೆ ಇದು ಬೇಕಾ? ರಸೀದಿ, ಕೇಸು ಮುಗಿದ ಕಾಗದ, ಎಲ್ಲ ಒಂದು ಫೈಲಿನಲ್ಲಿಡಿ. ಮುಂದೆ ಯಾವುದಾದರೂ ಅರ್ಜಿಯಲ್ಲಿ ಕೇಳಿದರೆ ಹುಡುಕಾಡಬೇಕಾಗಿಲ್ಲ.

ಶಾಲೆ ಅಂದರೆ

ಬೆಂಚು, ಬೋರ್ಡು ಇರುವ ಕ್ಲಾಸೂ ಇದೆ. ಜಾಸ್ತಿ ಜನ ಮಾಡುವುದು ಆನ್‌ಲೈನ್. ಮೊದಲು ಕೋರ್ಟಿನ ಒಪ್ಪಿಗೆ, ಆಮೇಲೆ ಶಾಲೆ. ಉಲ್ಟಾ ಮಾಡಬೇಡಿ. ಡಿಎಂವಿಯ ಪಟ್ಟಿಯಲ್ಲಿರುವ ಶಾಲೆಯೇ ಆಗಬೇಕು, ಪಟ್ಟಿ ಅವರ ವೆಬ್‌ಸೈಟಿನಲ್ಲಿದೆ. ಹುಡುಕಿದಾಗ ಮೊದಲು ಕಾಣುವ ಜಾಹೀರಾತನ್ನು ಒತ್ತಬೇಡಿ. ಅಗ್ಗದ ಫೀಸು ತೋರಿಸಿ, ಕೊನೆಯಲ್ಲಿ ಅದಕ್ಕಿಷ್ಟು ಇದಕ್ಕಿಷ್ಟು ಅಂತ ಕೇಳುವವರೂ ಇದ್ದಾರೆ. ಒಟ್ಟು ಎಷ್ಟು ಅಂತ ಮೊದಲೇ ನೋಡಿ.

ಪಾಠ ಬೇಜಾರು. ಬಲಕ್ಕೆ ತಿರುಗುವುದು ಹೇಗೆ, ಸ್ಕೂಲ್ ಬಸ್ಸಿನ ಕೆಂಪು ದೀಪ ಮಿನುಗಿದರೆ ಏನು ಮಾಡಬೇಕು, ಮಳೆಯಲ್ಲಿ ಎಷ್ಟು ದೂರ ಬಿಡಬೇಕು, ಇಂಥವು. ಓದಿ, ಪ್ರಶ್ನೆಗೆ ಉತ್ತರಿಸಿ, ಕೊನೆಗೆ ಪರೀಕ್ಷೆ. ಶೇಕಡಾ 70 ಬೇಕು. ಎಸ್‌ಎಸ್‌ಎಲ್‌ಸಿ, ಪಿಯುಸಿ, ಸಿಇಟಿ ಎಲ್ಲ ದಾಟಿ ಬಂದವರಿಗೆ ಇದೇನು ಮಹಾ? ಆದರೆ ಒಂದು ಮಾತು ಹೇಳಲೇಬೇಕು. ಗಂಡನ ಟಿಕೆಟಿಗೆ ಹೆಂಡತಿ ಕೂತು ಪರೀಕ್ಷೆ ಬರೆಯುವುದು ನಮ್ಮಲ್ಲಿ ನಡೆಯುತ್ತಿದೆ. 'ಅವರಿಗೆ ಆಫೀಸ್ ಕಾಲ್ ಇರುತ್ತೆ, ನಾನೇ ಮುಗಿಸಿಬಿಟ್ಟೆ' ಅಂತ ಯುಗಾದಿ ಊಟದಲ್ಲಿ ಎಲ್ಲರೆದುರು ಹೇಳಿದವರೂ ಉಂಟು. ನೀವೇ ಮಾಡಿದ್ದೀರಿ ಅಂತ ಪ್ರಮಾಣ ಮಾಡಿ ಕೊಡುವ ಪರೀಕ್ಷೆ ಅದು. ಅಡುಗೆ ಬೇಕಾದರೆ ಅವರದ್ದು ನೀವು ಮಾಡಿ, ಇದನ್ನಲ್ಲ.

ಪಾಸಾದ ಮೇಲೆ ಶಾಲೆಯವರೇ ಡಿಎಂವಿಗೆ ಆನ್‌ಲೈನಿನಲ್ಲಿ ತಿಳಿಸುತ್ತಾರೆ. ಅಷ್ಟಕ್ಕೇ ನಿಶ್ಚಿಂತೆಯಾಗಿ ಮಲಗಬೇಡಿ. ಎರಡು ವಾರ ಬಿಟ್ಟು ಕೋರ್ಟಿನ ವೆಬ್‌ಸೈಟಿನಲ್ಲಿ ಕೇಸು ಮುಗಿದಿದೆಯಾ ನೋಡಿ. ಶಾಲೆ ಮುಗಿಸಲು ಕೊಟ್ಟ ಗಡುವು ದಾಟಿದರೆ ಕೋರ್ಟಿಗೆ ಕಟ್ಟಿದ ದುಡ್ಡೂ ಹೋಗುತ್ತದೆ, ಪಾಯಿಂಟೂ ಕೂರುತ್ತದೆ. ಕೊನೆಯ ರಾತ್ರಿ ಕೂತು ಬರೆಯುವುದು ಬೇಡ.

ತಪ್ಪು ನಿಮ್ಮದಲ್ಲ ಅನ್ನಿಸಿದರೆ

ಕೋರ್ಟಿಗೆ ಹೋಗಿ ವಾದಿಸಬಹುದು. ಹೋಗದೆ ಬರೆದೂ ಕಳಿಸಬಹುದು. ಅದಕ್ಕೆ ಟಿಆರ್-205 ಅನ್ನುವ ಫಾರಂ ಇದೆ, ದಂಡದ ಮೊತ್ತ ಮೊದಲೇ ಕಟ್ಟಿರಬೇಕು. ಗೆದ್ದರೆ ವಾಪಸ್. ಸೋತರೆ 20 ದಿನದೊಳಗೆ ಟಿಆರ್-220 ಕೊಟ್ಟು ಹೊಸದಾಗಿ ವಿಚಾರಣೆ ಕೇಳಬಹುದು. ಸೋತ ಮೇಲೆ ಟ್ರಾಫಿಕ್ ಸ್ಕೂಲ್ ಕೊಡುವುದು ಬಿಡುವುದು ಜಡ್ಜ್ ಇಷ್ಟ.

ನಮ್ಮವರಿಗೆ ಜಾಸ್ತಿ ಬರುವವು

- ಸ್ಟಾಪ್ ಬೋರ್ಡಿನಲ್ಲಿ ಪೂರ್ತಿ ನಿಲ್ಲದೆ ಉರುಳಿಕೊಂಡು ಹೋಗುವುದು. ರಸ್ತೆ ಖಾಲಿ ಇದ್ದರೂ ಚಕ್ರ ನಿಲ್ಲಬೇಕು.
- ಕೆಂಪು ದೀಪಕ್ಕೆ ನಿಲ್ಲದೆ ಬಲಕ್ಕೆ ತಿರುಗುವುದು.
- ಶಾಲೆಯ ಮುಂದೆ 25 ದಾಟುವುದು. ಮಗುವನ್ನು ಬಿಡಲು ತಡವಾಗಿದೆ ಅಂತ.
- ಕಾರ್‌ಪೂಲ್ ಲೇನಿನಲ್ಲಿ (ಒಬ್ಬರಿಗಿಂತ ಹೆಚ್ಚು ಜನ ಇರುವ ಕಾರಿಗೆ ಮೀಸಲಾದದ್ದು) ಒಬ್ಬರೇ ಹೋಗುವುದು. ಕಡಿಮೆ ಅಂದರೂ 490 ಡಾಲರ್.
- ಕೈಯಲ್ಲಿ ಫೋನ್. ಮ್ಯಾಪ್ ನೋಡಲು ಹಿಡಿದಿದ್ದರೂ ತಪ್ಪು ಅಂತ 2025ರಲ್ಲಿ ಮೇಲ್ಮನವಿ ಕೋರ್ಟ್ ಹೇಳಿದೆ. 36 ತಿಂಗಳೊಳಗೆ ಎರಡನೇ ಸಲ ಸಿಕ್ಕಿಬಿದ್ದರೆ ಪಾಯಿಂಟ್. ಅಮ್ಮನ ವಾಟ್ಸಾಪ್ ಕರೆ ಮನೆಗೆ ಬಂದ ಮೇಲೆ ತೆಗೆದುಕೊಳ್ಳಿ, ಅಲ್ಲಿ ಹೇಗೂ ಬೆಳಗ್ಗೆ ಆಗಿರುತ್ತದೆ.

ಸಹಾಯ ಬೇಕಾದರೆ

ಕೂಟದ ಕಾರ್ಯಕ್ರಮಗಳಲ್ಲಿ ಊಟದ ಸಾಲಿನ ಪಕ್ಕ ನಮ್ಮ ಸ್ವಯಂಸೇವಕರ ಮೇಜು ಇರುತ್ತದೆ. ನೋಟಿಸ್ ತನ್ನಿ, ಜೊತೆಗೆ ಕೂತು ಓದೋಣ. ನಾವು ವಕೀಲರಲ್ಲ, ಪೆಟ್ಟು ತಿಂದವರು ಅಷ್ಟೇ. ಟಿಕೆಟಿನ ಫೋಟೋ ಮಾತ್ರ ವಾಟ್ಸಾಪ್ ಗುಂಪಿಗೆ ಹಾಕಬೇಡಿ. ಅದರಲ್ಲಿ ನಿಮ್ಮ ಲೈಸೆನ್ಸ್ ನಂಬರ್, ಹುಟ್ಟಿದ ತಾರೀಖು, ಮನೆ ವಿಳಾಸ ಎಲ್ಲ ಇರುತ್ತದೆ. ಹೋದ ವರ್ಷ ಒಬ್ಬರು ಹಾಕಿದರು. ಐನೂರು ಜನ ನೋಡಿದರು, ನಲವತ್ತು ಜನ ಸಲಹೆ ಕೊಟ್ಟರು, ಅದರಲ್ಲಿ ಮೂವತ್ತೊಂಬತ್ತು ತಪ್ಪು.